ಅಳಿಸಿದ ದನಿ

ನಿರ್ಮಾಪಕ ಗಿಡ್ವಾಣಿಯ ಚಿತ್ರ ಖಾತ್ರಿಯಾದ ದಿನ ಸಂಗೀತ ನಿರ್ದೇಶಕ ಅವಧ್‌ಬಿಹಾರಿ ಸಹಾಯ್ ಮಧ್ಯಾಹ್ನಕ್ಕೇ ಮನೆಗೆ ಬಂದ. ಬೊಂಬಾಯಿಯ ಖಾರ್‌ನ ಆ ಮನೆಯ ಎರಡು ಮಹಡಿ ಮೆಟ್ಟಿಲುಗಳನ್ನು ಅವನು ಹಾಡು ಗುನುಗುತ್ತ ಹತ್ತಿ ಮೂರು ವರ್ಷವಾಗಿತ್ತು. ಒಂದರ ಹಿಂದೆ ಒಂದು ನಾಲ್ಕು ಚಿತ್ರ ಮಕಾಡೆ ಮಲಗಿದ ಮೇಲೆ, ಒಂದು ಕಾಲಕ್ಕೆ ಮನೆಬಾಗಿಲಲ್ಲಿ ಕಾಯುತ್ತಿದ್ದ ನಿರ್ಮಾಪಕರು ಸ್ಟುಡಿಯೋ ಅಂಗಳದಲ್ಲಿ ಅವನನ್ನು ಕಂಡರೆ ವಾಚು ನೋಡಿಕೊಳ್ಳತೊಡಗಿದ್ದರು.

ಬಾಗಿಲ ಬಳಿ ಮೊರದಲ್ಲಿ ಬೇಳೆ ಆರಿಸುತ್ತಿದ್ದ ಅವನ ತಾಯಿ ಫೂಲ್ಮತಿ ಮಗನ ಮುಖ ನೋಡಿದ್ದೇ ಮೊರ ಪಕ್ಕಕ್ಕಿಟ್ಟಳು.

"ಸಿಕ್ತೇನೋ ಬಬುವಾ?"

"ಸಿಕ್ತು ಮಾಈ. ಆರು ಹಾಡು."

"ದುಲ್ಹಿನ್!" ಮುದುಕಿ ಅಡುಗೆಮನೆಯ ಕಡೆ ಕೂಗಿದಳು. ಸೊಸೆಗೆ ನಲವತ್ತೆರಡಾದರೂ ಅತ್ತೆಯ ಬಾಯಲ್ಲಿ ಅವಳಿನ್ನೂ ಹೊಸ ಮದುವಣಗಿತ್ತಿಯೇ. "ಅನ್ನಕ್ಕೆ ಇಟ್ಟಿದ್ರೆ ಇಳಿಸಿಬಿಡು. ಇವತ್ತು ಲಿಟ್ಟಿ ಸುಡು, ತುಪ್ಪ ಜಾಸ್ತಿ ಹಾಕು. ನನ್ನ ಮಗನ ಗ್ರಹಚಾರ ಕಳೀತು."

ಊಟಕ್ಕೆ ಕೂತಾಗ ಕಾಲೇಜಿನಿಂದ ಮಗಳು ಮಂಜರಿಯೂ ಬಂದಿದ್ದಳು. ಹೆಂಡತಿ ಪ್ರಭಾವತಿ ಸುಟ್ಟ ಗೋಧಿಯುಂಡೆಯಂಥ ಬಿಸಿ ಲಿಟ್ಟಿಗಳನ್ನು ಒಡೆದು ತುಪ್ಪ ಹಾಕುತ್ತಿದ್ದಳು. ಅವಧ್ ತಟ್ಟೆ ನೋಡಿಕೊಂಡೇ ಹೇಳಿದ, "ಒಂದೇ ತೊಡಕು. ಹಾಡೋದು ಕೇತಕಿ ಮಜುಮ್ದಾರ್. ಆಕೆ ವಿದೇಶದಲ್ಲಿ ಕಚೇರಿ ಮಾಡ್ತಾ ಇದ್ದಾಳೆ, ಬರೋದು ಎರಡು ತಿಂಗಳಿಗೆ. ನಾಯಕಿ ಡೇಟು ಮುಂದಿನ ತಿಂಗಳೇ ಇದೆ. ಮದುಮಗಳನ್ನ ಕಳಿಸೋ ಹಾಡು, ಮೊದಲು ಅದನ್ನೇ ಚಿತ್ರೀಕರಿಸಬೇಕಂತೆ. ಅದಕ್ಕೆ ಬೇರೆ ಯಾರ ಹತ್ರನಾದ್ರೂ ಹಾಡಿಸ್ಬೇಕು."

"ಡಮ್ಮಿನಾ ಬಾಬೂಜಿ? ಆಮೇಲೆ ಅಳಿಸೋದಾ?" ಮಂಜರಿ ಕೇಳಿದಳು.

"ಡಮ್ಮಿ ಅಂತ ಯಾಕೆ ಅನ್ಕೋತೀಯ? ಚೆನ್ನಾಗಿ ಬಂದ್ರೆ ಅದೇ ಉಳೀತದೆ. ನೀನು ಹಾಡ್ತೀಯಾ?"

ಮಂಜರಿಯ ಕೈಯಲ್ಲಿದ್ದ ತುತ್ತು ಅಲ್ಲೇ ನಿಂತಿತು. ತುಪ್ಪದ ಚಮಚ ಹಿಡಿದಿದ್ದ ಪ್ರಭಾವತಿ ತಲೆ ಎತ್ತದೆ ಹೇಳಿದಳು, "ಬೇಡ."

"ಯಾಕೆ ಬೇಡ?"

"ಕಾರಣ ನಾನು ಹೇಳ್ಬೇಕಾ? ನಿಮ್ಮ ಬಾಯಲ್ಲೇ ಹೇಳಿ. ಅವಳಿಗೂ ಹದಿನೆಂಟಾಯ್ತು, ಗೊತ್ತಾಗ್ಲಿ."

"ಇಪ್ಪತ್ತು ವರ್ಷದ ಹಿಂದಿನ ಕಥೆ ಈಗ್ಯಾಕೆ?"

"ಕಥೆ ನಿಮಗೆ. ಗಂಟಲು ನಂದು."

ಫೂಲ್ಮತಿ ಸೊಸೆಯ ಕಡೆ ತಿರುಗಿದಳು. "ನಿಂಗೆ ಸಿಗಲಿಲ್ಲ ಅಂತ ಮಗಳಿಗೂ ಸಿಗಬಾರದೇನೇ? ಎಂಥ ತಾಯಿ ನೀನು? ತುಪ್ಪ ಹಾಕು, ಕೈ ಯಾಕೆ ನಿಲ್ಲಿಸ್ದೆ?"

ಪ್ರಭಾವತಿ ತುಪ್ಪ ಹಾಕಿದಳು.

ಆ ಹಳೆಯ ಸಂಗತಿ ಮನೆಯ ದೊಡ್ಡವರಿಗೆಲ್ಲ ಗೊತ್ತು, ಯಾರೂ ಆಡುತ್ತಿರಲಿಲ್ಲ ಅಷ್ಟೆ. ಮದುವೆಗೆ ಮುಂಚೆ ಪ್ರಭಾವತಿ ಪಾಟ್ನಾ ರೇಡಿಯೋದಲ್ಲಿ ಹಾಡುತ್ತಿದ್ದವಳು. ಅವಧ್ ಅವಳನ್ನು ಮೆಚ್ಚಿದ್ದೇ ರೇಡಿಯೋದಲ್ಲಿ ಕೇಳಿ. ಬೊಂಬಾಯಿಗೆ ಬಂದ ಮೇಲೆ ಐವತ್ತನಾಲ್ಕರಲ್ಲಿ ಅವನಿಗೆ ಮೊದಲ ಚಿತ್ರ ಸಿಕ್ಕಿತು. ಅದರ ಒಂದು ಹಾಡನ್ನು ಪ್ರಭಾವತಿ ಹಾಡಿದಳು. ಆಗ ಮಂಜರಿ ಹೊಟ್ಟೆಯಲ್ಲಿ, ಐದು ತಿಂಗಳು. ರೆಕಾರ್ಡಿಂಗ್ ಮುಗಿದು ಎಲ್ಲರೂ ಭೇಷ್ ಅಂದರು. ಚಿತ್ರ ಬಿಡುಗಡೆಯಾದಾಗ ಪರದೆಯ ಮೇಲೆ ಕೇಳಿದ್ದು ಆ ಕಾಲದ ದೊಡ್ಡ ಹಾಡುಗಾರ್ತಿ ಮಾಲಿನಿಬಾಯಿ ನೇರೂರ್ಕರಳ ದನಿ. ಹೊಸಬಳು ಹಾಡಿದರೆ ತಾನು ಈ ಚಿತ್ರಕ್ಕೇ ಹಾಡುವುದಿಲ್ಲವೆಂದು ಮಾಲಿನಿಬಾಯಿ ಪಟ್ಟು ಹಿಡಿದಳು, ತಾನೇನು ಮಾಡಲಿ ಎಂದು ಅವಧ್ ಹೆಂಡತಿಯೆದುರು ಅತ್ತಿದ್ದ. ಆ ಹಾಡು ಊರೂರು ಮೊಳಗಿ ಅವನನ್ನು ಸಂಗೀತ ನಿರ್ದೇಶಕನನ್ನಾಗಿ ಮಾಡಿತು. ಪ್ರಭಾವತಿ ಅಂದಿನಿಂದ ಹಾಡಲಿಲ್ಲ. ಮಂಜರಿಯನ್ನು ತೂಗಿ ಮಲಗಿಸಿದ್ದು ಕೂಡ ಅಜ್ಜಿಯ ಬೀಸುವ ಪದಗಳೇ. ರೇಡಿಯೋದಲ್ಲಿ ಮಾಲಿನಿಬಾಯಿಯ ದನಿ ಬಂದರೆ ಪ್ರಭಾವತಿ ಹಿಟ್ಟಿನ ಕೈಯಲ್ಲೇ ಬಂದು ಗುಬಟು ತಿರುಗಿಸಿ ಆರಿಸುತ್ತಿದ್ದಳು. ಹಾಗಾಗಿ ಆ ಗುಬಟಿಗೆ ಸದಾ ಹಿಟ್ಟು ಮೆತ್ತಿರುತ್ತಿತ್ತು.

ಮಂಜರಿ ಹಾಡುವುದೆಂದೇ ತೀರ್ಮಾನವಾಯಿತು. ಪ್ರಭಾವತಿಯ ಮಾತು ನಡೆಯಲಿಲ್ಲ.

ಮಾರನೆಯ ಬೆಳಿಗ್ಗೆಯಿಂದಲೇ ಮುಂದಿನ ಕೋಣೆಯಲ್ಲಿ ಅಭ್ಯಾಸ ಶುರುವಾಯಿತು. ಫೂಲ್ಮತಿ ಮೊಮ್ಮಗಳ ಗಂಟಲಿನ ಕಾವಲು ವಹಿಸಿಕೊಂಡಳು. ಉಪ್ಪಿನಕಾಯಿ ಜಾಡಿಗಳು ಅಟ್ಟ ಸೇರಿದವು. ಮೊಸರು ಬಂದ್. ಹೊತ್ತಿಗೊಂದು ಸಲ ಕಾಳುಮೆಣಸು, ಕಲ್ಲುಸಕ್ಕರೆ ಹಾಕಿದ ಹಾಲು.

"ಆಜಿ, ಇದನ್ನ ಕುಡಿದೂ ಕುಡಿದೂ ವಾಕರಿಕೆ ಬರ್ತಿದೆ."

"ಕುಡಿಯೇ. ನಾಳೆ ನಿನ್ನ ಹೆಸರು ಗೋಡೆ ಮೇಲೆ ಬಂದಾಗ ಆಜಿ ಹಾಲು ಅಂತ ನೆನೆಸ್ಕೋತೀಯ."

"ಗೋಡೆ ಮೇಲಲ್ಲ ಆಜಿ, ಪೋಸ್ಟರಲ್ಲಿ."

"ಎಲ್ಲೋ ಒಂದು ಕಡೆ. ನನಗೆಲ್ಲಿ ಓದೋಕೆ ಬರ್ತದೆ."

ಮಂಜರಿ ಕಾಲೇಜಿಗೆ ಚಕ್ಕರ್ ಹೊಡೆಯತೊಡಗಿದಳು. ಗೆಳತಿಯರಿಗೆಲ್ಲ ಹೇಳಿಯೂ ಆಗಿತ್ತು. ಪ್ರಭಾವತಿ ಅಡುಗೆಮನೆಯ ಬಾಗಿಲನ್ನು ಎಳೆದುಕೊಂಡು ಕೆಲಸ ಮಾಡುತ್ತಿದ್ದಳು. ಆದರೂ ಕೇಳುತ್ತಿತ್ತು. ನಾಲ್ಕನೆಯ ದಿನ ಅವಳಿಗೆ ಒಂದು ಸಂಗತಿ ಹೊಳೆಯಿತು. ಕಿವಿ ಹಾಳಾಗಿರಲಿಲ್ಲವಲ್ಲ. ಕೈ ಒರೆಸಿಕೊಂಡು ಬಂದು ಬಾಗಿಲಲ್ಲಿ ನಿಂತಳು.

"ಯಾವ ಶ್ರುತಿ ಇದು?"

ಅವಧ್ ಐದನೆಯ ಕಪ್ಪು ಮನೆಯ ಮೇಲೆ ಬೆರಳಿಟ್ಟು ಹಾರ್ಮೋನಿಯಂ ನಿಲ್ಲಿಸಿದ. "ಕಪ್ಪು ಐದು."

"ಮಂಜರಿದು ಕಪ್ಪು ನಾಲ್ಕು. ಮೇಲಿನ ಸ್ಥಾಯಿಗೆ ಹೋದಾಗೆಲ್ಲ ಅವಳು ಕತ್ತು ಚಾಚ್ತಾ ಇದ್ದಾಳೆ, ನಿಮಗೆ ಕಾಣ್ತಿಲ್ವಾ?"

"ನಾಯಕಿಗೆ ಎಳೆ ದನಿ ಬೇಕು. ಸ್ವಲ್ಪ ಎತ್ತರದಲ್ಲಿದ್ರೆ ಒಳ್ಳೇದು."

"ಕಪ್ಪು ಐದು ಕೇತಕಿದು."

"ಎಲ್ಲಾದ್ರಲ್ಲೂ ಕೊಕ್ಕೆ ಹುಡುಕಬೇಡ ಪ್ರಭಾ."

"ಇವಳು ಹಾಡೋ ಹಾಡಾದ್ರೆ ಇವಳ ಶ್ರುತಿಗೆ ಇಳಿಸಿ. ಅಷ್ಟೇ ನಾನು ಕೇಳೋದು."

"ಸಾಲ್ವದೋರ್ ಮಾಸ್ಟರ್ ಆಗಲೇ ವಾದ್ಯದವರಿಗೆಲ್ಲ ಸ್ವರ ಬರೆದು ಹಂಚಿಯಾಯ್ತು. ಮತ್ತೆ ಬರೆಸೋಕೆ ಆಗಲ್ಲ."

ಮಂಜರಿ ತಾಯಿಯ ಮೇಲೇ ರೇಗಿದಳು. "ನಾನು ಹಾಡ್ತೀನಮ್ಮಾ. ನನಗೇನೂ ಕಷ್ಟ ಆಗ್ತಿಲ್ಲ. ನೀನು ಬಂದು ನಿಂತ್ಕೊಂಡ್ರೇ ಕಷ್ಟ."

ಪ್ರಭಾವತಿ ಒಳಗೆ ಹೋದಳು. ಆವತ್ತು ದಾಲ್ ಸೀದು ಹೋಗಿತ್ತು. ಎಲ್ಲರೂ ಅದನ್ನೇ ಉಂಡರು.

ಆಮೇಲಿನ ದಿನಗಳಲ್ಲಿ ಅವಳ ಕಣ್ಣಿಗೆ ಬೇರೆ ಸಂಗತಿಗಳೂ ಬಿದ್ದವು. ಗಿಡ್ವಾಣಿಯ ಫೋನು ಬಂದರೆ ಅವಧ್ ಗೋಡೆಯ ಕಡೆ ತಿರುಗಿ ಮಾತಾಡುತ್ತಿದ್ದ. ಅವಳು ಚಹಾ ತಂದರೆ "ಆಮೇಲೆ ಮಾತಾಡೋಣ ಸೇಠ್" ಎಂದು ಇಟ್ಟುಬಿಡುತ್ತಿದ್ದ. ಪೋಸ್ಟರಿನಲ್ಲಿ ತನ್ನ ಹೆಸರು ಮಂಜರಿ ಸಹಾಯ್ ಅಂತ ಬರುತ್ತದೋ ಬರೀ ಮಂಜರಿಯೋ ಎಂದು ಮಗಳು ಕೇಳಿದರೆ "ಮೊದಲು ಹಾಡು" ಎನ್ನುತ್ತಿದ್ದ. ಅದೇ ಮಾತು, ಅದೇ ಸ್ವರದಲ್ಲಿ, ಇನ್ನೊಂದು ಕಾಲದಲ್ಲಿ ಪ್ರಭಾವತಿ ಕೇಳಿದ್ದಳು. ಸ್ನಾನದ ನೀರು ಕಾಯಿಸುವಾಗ, ಬಟ್ಟೆ ಒಣಹಾಕುವಾಗ, ಯಾವುದೋ ಸಾಮಾನು ಕೆಳಗೆ ಬೀಳುತ್ತದೆಂದು ಕಾಯುವವಳ ಹಾಗೆ ಅವಳು ಆಗಾಗ ನಿಂತುಬಿಡುತ್ತಿದ್ದಳು.

ರೆಕಾರ್ಡಿಂಗಿಗೆ ವಾರವಿರುವಾಗ ಮಂಜರಿಯ ದನಿ ಮೇಲಿನ ಸ್ಥಾಯಿಯಲ್ಲಿ ಒಡೆಯತೊಡಗಿತು. ಅವಧ್ ಸ್ಟುಡಿಯೋಗೆ ಹೋಗಿದ್ದ. ಹುಡುಗಿ ಒಬ್ಬಳೇ ಕೂತು ಅದೇ ಸಾಲನ್ನು ಹತ್ತು ಸಲ, ಇಪ್ಪತ್ತು ಸಲ ಎಳೆದಳು. ಹತ್ತರಲ್ಲಿ ಎಂಟು ಸಲ ಬಿರುಕು. ಕೊನೆಗೆ ಹಾರ್ಮೋನಿಯಂ ಮೇಲೆ ತಲೆಯಿಟ್ಟುಬಿಟ್ಟಳು.

ಪ್ರಭಾವತಿ ಬಂದು ಎದುರಿಗೆ ಕೂತಳು.

"ನೆಟ್ಟಗೆ ಕೂತ್ಕೋ. ಗಂಟಲು ಹಿಂಡಬೇಡ. ಆ ಸ್ವರದ ಮೇಲೆ ಕಣ್ಣಿಡಬೇಡ, ಅದರ ಹಿಂದಿನ ಸ್ವರದಲ್ಲಿ ಆರಾಮಾಗಿ ನಿಲ್ಲು. ಉಸಿರು ಇಲ್ಲಿಂದ." ಮಗಳ ಹೊಟ್ಟೆಯ ಮೇಲೆ ಕೈ ಇಟ್ಟಳು. "ಈಗ ಹೋಗು."

ಮಂಜರಿ ಹಾಡಿದಳು. ಬಿರುಕು ಬಿಡಲಿಲ್ಲ. ಅವಳು ಬೆರಗಿನಿಂದ ತಾಯಿಯನ್ನು ನೋಡಿದಳು.

"ಒಂದ್ಸಲ ನೀನೇ ಹಾಡಿ ತೋರಿಸಮ್ಮಾ."

"ನನಗೆ ಬರಲ್ಲ."

"ಬರದೆ ಹೇಳಿಕೊಟ್ಟೆಯಾ?"

"ಮತ್ತೆ ಹಾಡು. ಬಾಯಿ ಇಷ್ಟು ಅಗಲ ಬೇಡ."

ಅವತ್ತಿನಿಂದ ಅವಧ್ ಹೊರಗೆ ಹೋದ ಮೇಲೆ ದಿನಾ ಅರ್ಧ ಗಂಟೆ ತಾಯಿ ಮಗಳು ಕೂರುತ್ತಿದ್ದರು. ಫೂಲ್ಮತಿ ಬಾಗಿಲ ಬಳಿಯಿಂದ ನೋಡಿ, "ಬುದ್ಧಿ ಬಂತು ದುಲ್ಹಿನ್‌ಗೆ" ಎಂದು ತನ್ನಷ್ಟಕ್ಕೆ ಗೊಣಗಿದಳು. ಬುದ್ಧಿಯಲ್ಲ ಅದು. ಬರುವುದು ಹೇಗೂ ಬರುತ್ತದೆ, ಹುಡುಗಿಯ ಗಂಟಲಾದರೂ ಉಳಿಯಲಿ ಅಂತ.

ರೆಕಾರ್ಡಿಂಗ್ ದಿನ ಪ್ರಭಾವತಿ ಸ್ಟುಡಿಯೋಗೆ ಹೋಗಲಿಲ್ಲ. ಸಂಜೆ ಮಂಜರಿ ಮೆಟ್ಟಿಲು ಹತ್ತುವಾಗಲೇ ಕೂಗಿಕೊಂಡು ಬಂದಳು. "ಮೂರನೇ ಟೇಕೇ ಓಕೆ ಆಜಿ! ನಲವತ್ತು ಜನ ವಾದ್ಯದವರು! ಹಾಡು ಮುಗಿದಾಗ ಪಿಟೀಲಿನವರೆಲ್ಲ ಕಮಾನಿಂದ ಸ್ಟ್ಯಾಂಡಿಗೆ ತಟ್ಟಿದ್ರು. ಸಾಲ್ವದೋರ್ ಅಂಕಲ್ ಹೇಳಿದ್ರು, ಅವರು ಹಾಗೆ ಎಲ್ಲರಿಗೂ ತಟ್ಟಲ್ವಂತೆ."

ಹಿಂದೆ ಬಂದ ಅವಧ್‌ನ ಕೈಯಲ್ಲಿ ಪೇಡೆಯ ಪೊಟ್ಟಣವಿತ್ತು. ಪ್ರಭಾವತಿಗೂ ಒಂದು ಕೊಡಲು ಬಂದ. ಅವಳು ತಿನ್ನದೆ ಕೇಳಿದಳು, "ಇದೇ ಉಳೀತದಲ್ಲ?"

"ಗಿಡ್ವಾಣಿಗೆ ತುಂಬ ಹಿಡಿಸಿದೆ."

"ನಾನು ಕೇಳಿದ್ದು ಅದಲ್ಲ."

"ಉಳೀತದೆ ಪ್ರಭಾ, ಉಳೀತದೆ. ಒಳ್ಳೇ ದಿನ ಹಾಳು ಮಾಡಬೇಡ."

ಐದು ವಾರ ಕಳೆಯಿತು. ಚಿತ್ರೀಕರಣವೂ ಆಯಿತು. ಕೇತಕಿ ಮಜುಮ್ದಾರ್ ಊರಿಗೆ ಬಂದ ಸುದ್ದಿ ಪತ್ರಿಕೆಯಲ್ಲಿ ಫೋಟೋ ಸಮೇತ ಬಂತು. ಪ್ರಭಾವತಿ ಅದನ್ನು ಓದಿ, ಮಡಿಸಿ, ಅಕ್ಕಿ ಡಬ್ಬದ ಕೆಳಗಿಟ್ಟಳು. ಹತ್ತು ದಿನದ ಮೇಲೆ ಒಂದು ಸಂಜೆ ಅವಧ್ ಬಂದವನು ಬೂಟು ಕಳಚದೆ ಕುರ್ಚಿಯಲ್ಲಿ ಕೂತ.

"ಮಂಜರಿ, ಬಾರಮ್ಮ ಇಲ್ಲಿ."

ಆ 'ಅಮ್ಮ' ಕೇಳಿಯೇ ಪ್ರಭಾವತಿ ಒಲೆ ಆರಿಸಿದಳು.

"ಕೇತಕಿ ಒಪ್ಪಲಿಲ್ಲ. ಗಿಡ್ವಾಣಿಗೆ ಹೇಳಿದಳಂತೆ, ಆ ಹುಡುಗಿ ಹಾಡು ಇಟ್ಕೊಂಡ್ರೆ ಉಳಿದ ಐದೂ ಅವಳ ಹತ್ರಾನೇ ಹಾಡಿಸ್ಕೊಳ್ಳಿ ಅಂತ. ನಾನು ಕೈ ಮುಗಿದೆ. ನನ್ನ ಮಗಳು ಅಂದೆ. ಕಲ್ಲು. ಕಲ್ಲು ಹೆಂಗಸು." ಅವನ ಕಣ್ಣಲ್ಲಿ ನೀರಾಡಿತು. "ಇವತ್ತು ವಾದ್ಯದವರನ್ನೆಲ್ಲ ಮತ್ತೆ ಕೂರಿಸಿ ಆಕೆ ದನಿಯಲ್ಲಿ ತೆಗೆದಾಯ್ತು."

ಮಂಜರಿ ಒಳಗೆ ಹೋಗಿ ಬಾಗಿಲು ಹಾಕಿಕೊಂಡಳು. ಫೂಲ್ಮತಿ ಎದೆ ಬಡಿದುಕೊಂಡು ಕೇತಕಿಯ ಏಳು ತಲೆಮಾರಿಗೆ ಶಾಪ ಹಾಕಿದಳು. ನಡುನಡುವೆ ಸೊಸೆಯ ಕಡೆಯೂ ಒಂದು ಬಿತ್ತು. "ನಿನ್ನ ಕಣ್ಣೇ ತಾಕಿದ್ದು ಕಣೇ. ಮೊದಲ ದಿನವೇ ಬೇಡ ಅಂದವಳು ನೀನು."

ಪ್ರಭಾವತಿ ಹೋಗಿ ಮಗಳ ಕೋಣೆಯ ಬಾಗಿಲು ತಟ್ಟಿದಳು. ಬಹಳ ಹೊತ್ತಿನ ಮೇಲೆ ಬಾಗಿಲು ತೆರೆಯಿತು. ಆ ಸಂಜೆ ಮೊದಲ ಬಾರಿಗೆ ಅವಳು ಮಾಲಿನಿಬಾಯಿಯ ಕಥೆಯನ್ನು ಮಗಳಿಗೆ ತಾನೇ ಹೇಳಿದಳು. "ದೊಡ್ಡವರು ಅಂದ್ರೆ ಹೀಗೇ ಕಣೇ. ಹೊಸಬರ ಗಂಟಲು ಮೆಟ್ಟಿ ನಿಂತಿರ್ತಾರೆ. ನಿಮ್ಮಪ್ಪನದೇನೂ ನಡೆಯಲ್ಲ ಅವರ ಮುಂದೆ. ಅಪ್ಪನ ಮೇಲೆ ಸಿಟ್ಟಾಗಬೇಡ." ಮಂಜರಿ ತಾಯಿಯ ತೊಡೆಯ ಮೇಲೆ ಮಲಗಿ ಕೇತಕಿಯ ಮೇಲೆ ಹಲ್ಲು ಕಡಿದಳು.

ಅದಾದ ಎರಡನೆಯ ಭಾನುವಾರ ಸಾಲ್ವದೋರ್ ಮಾಸ್ಟರ್ ಊಟಕ್ಕೆ ಬಂದ. ವಾದ್ಯದವರಿಗೆಲ್ಲ ಸ್ವರ ಬರೆದು ಕೊಡುವವನು ಅವನೇ. ಗೋವಾದವನು, ಅವಧ್‌ನ ಮೊದಲ ಚಿತ್ರದಲ್ಲಿ ಪಿಟೀಲು ನುಡಿಸುತ್ತಿದ್ದವನು, ಇಪ್ಪತ್ತು ವರ್ಷದ ಜೊತೆ. ಬರುವಾಗಲೆಲ್ಲ ಒಂದು ಮೀನು ತರುತ್ತಿದ್ದ. ಅವತ್ತು ತಂದಿದ್ದು ಎರಡು ದೊಡ್ಡ ಪಾಂಫ್ರೆಟ್. ಫೂಲ್ಮತಿ ಅದನ್ನು ತನ್ನೂರಿನ ಹಾಗೆ ಸಾಸಿವೆ ಅರೆದು ಮಾಡಿಸಿದಳು.

ಎಲ್ಲರೂ ಕೂತರು. ಮಾಸ್ಟರ್ ಎರಡು ತುತ್ತು ಉಂಡು, ಮಂಜರಿಯ ಸಪ್ಪೆ ಮುಖ ನೋಡಿ, ಸಮಾಧಾನ ಮಾಡಲು ಹೊರಟ.

"ಏನು ಮಗಳೇ, ಇನ್ನೂ ಬೇಜಾರಾ? ಬಿಡು. ನಿನ್ನ ಹಾಡು ಹೇಗಿತ್ತು ಅಂತ ಗೊತ್ತಾ? ಆ ಕೇತಕಿ ಹೆಡ್‌ಫೋನ್ ಹಾಕ್ಕೊಂಡು ನಾಲ್ಕು ಸಲ ಕೇಳಿದ್ಲು. ನಾಲ್ಕು ಸಲ! ಆಮೇಲೆ ತೆಗೆದಿಟ್ಟು ಹೇಳ್ತಾಳೆ, 'ಇದನ್ನ ಯಾಕೆ ಅಳಿಸ್ತೀರಿ? ನಾನು ಇದಕ್ಕಿಂತ ಚೆನ್ನಾಗಿ ಹಾಡಲ್ಲ. ಇದು ಇರಲಿ, ಉಳಿದ ಐದು ನಾನು ಹಾಡ್ತೀನಿ.' ನನ್ನ ಆಯುಷ್ಯದಲ್ಲಿ ನಾನು ಇಂಥ ಮಾತು..."

"ಮಾಸ್ಟರ್, ಮೀನು ಹಾಕಿಸ್ಕೊಳ್ಳಿ," ಅವಧ್ ನಡುವೆ ಬಾಯಿ ಹಾಕಿದ.

"ಹಾಕ್ಕೋತೀನಿ, ಹಾಕ್ಕೋತೀನಿ. ಇವರೇ ಕೇಳಲಿಲ್ಲ ನೋಡು, ನಿಮ್ಮಪ್ಪ. ಆಕೆ ಹಾಡಲೇಬೇಕು ಅಂತ ಒಂದೇ..."

ಆಗ ಅವನಿಗೆ ಎದುರಿನವರ ಮುಖ ಕಂಡಿತು. ಫೂಲ್ಮತಿ ಬಾಯಿಂದ ಮುಳ್ಳು ತೆಗೆಯುತ್ತಿದ್ದವಳು ಹಾಗೇ ಇದ್ದಳು.

ಮಂಜರಿ ಕೇಳಿದಳು, "ಆಕೆ ಇರಲಿ ಅಂದ್ರಾ?"

ಅವಧ್ ನೀರಿನ ಲೋಟಕ್ಕೆ ಕೈ ಚಾಚಿದ.

"ಬಾಬೂಜಿ, ಆಕೆ ಇರಲಿ ಅಂದ್ರಾ?"

"ಬಾಯಲ್ಲಿ ಹೇಳ್ತಾರಮ್ಮ ಅವರು. ಒಳಗೆ ಬೇರೆ ಇರ್ತದೆ," ಅವಧ್ ಹೇಳಿದ. "ಹೆಸರಿಲ್ಲದ ಹುಡುಗಿ ಹಾಡಿದ ರೆಕಾರ್ಡು ಯಾರು ಕೊಳ್ತಾರೆ? ನಾಲ್ಕು ಚಿತ್ರ ಬಿದ್ದಿದೆ ನಂದು. ಇದೂ ಬಿದ್ರೆ ಮತ್ತೆ ಯಾರೂ ಕರೆಯಲ್ಲ. ಈ ತಟ್ಟೆಗೆ ಅನ್ನ ಎಲ್ಲಿಂದ ಬರ್ತದೆ ಅಂತ ಯಾರಾದ್ರೂ ಯೋಚನೆ ಮಾಡಿದೀರಾ?"

"ಹಾಗಂತ ಹೇಳಬಹುದಿತ್ತಲ್ಲ," ಮಂಜರಿ ಎಂದಳು. "ನಾನು ಆಕೆಗೆ ಶಾಪ ಹಾಕ್ತಾ ಇದ್ದೆ."

"ನಿನಗೆ ನೋವಾಗಬಾರದು ಅಂತ..."

ಪ್ರಭಾವತಿ ಅನ್ನದ ಪಾತ್ರೆ ಕೆಳಗಿಟ್ಟಳು. ಅವಳು ನೋಡುತ್ತಿದ್ದುದು ಗಂಡನನ್ನಲ್ಲ, ಮಾಸ್ಟರನ್ನು.

"ಮಾಸ್ಟರ್, ಐವತ್ತನಾಲ್ಕರಲ್ಲಿ ನೀವು ಇದ್ರಲ್ಲ?"

ಸಾಲ್ವದೋರ್ ತಟ್ಟೆಯ ಅಂಚಿನಲ್ಲಿ ಮುಳ್ಳುಗಳನ್ನು ಸಾಲಾಗಿ ಜೋಡಿಸಿದ. "ಭಾಭೀ, ಬಹಳ ಹಳೇದು ಅದು. ನಾನು ಆಗ ಹಿಂದಿನ ಸಾಲಲ್ಲಿ ಕೂತ್ಕೋತಿದ್ದೆ."

"ಹಿಂದಿನ ಸಾಲಿಗೂ ಕೇಳಿಸ್ತದೆ. ಮಾಲಿನಿಬಾಯಿ ಏನಂದ್ರು?"

"ಭಾಭೀ..."

"ನಿಮ್ಮ ಏಸುವಿನ ಮೇಲಾಣೆ."

ಮಾಸ್ಟರ್ ಅವಧ್‌ನ ಕಡೆ ಒಮ್ಮೆ ನೋಡಿದ. ಆಮೇಲೆ ಮೆಲ್ಲಗೆ ಹೇಳಿದ, "ಆಕೆ ಏನೂ ಅನ್ನಲಿಲ್ಲ. 'ಹುಡುಗಿ ಚೆನ್ನಾಗಿ ಹಾಡಿದಾಳೆ, ನನ್ನನ್ನ ಯಾಕೆ ಕರೆದ್ರಿ' ಅಂತ ಮಾತ್ರ ಕೇಳಿದ್ರು."

ಕೆಳಗೆ ಬೀದಿಯಲ್ಲಿ ಬಸ್ಸೊಂದು ಹೋಯಿತು. ಕಿಟಕಿಯ ಗಾಜು ಸದ್ದು ಮಾಡಿತು.

"ಮೊದಲ ಚಿತ್ರ ಪ್ರಭಾ," ಅವಧ್ ಹೇಳಿದ. "ಆಕೆ ಹೆಸರು ಬೇಕಿತ್ತು. ನೀನು ಬಸುರಿ ಬೇರೆ. ನಿನಗೆ ಹೇಗೆ ಹೇಳೋದು?"

"ಮಾಲಿನಿಬಾಯಿ ಸತ್ತು ಎರಡು ವರ್ಷ ಆಯ್ತು," ಪ್ರಭಾವತಿ ಹೇಳಿದಳು. ದನಿ ಏರಲಿಲ್ಲ. "ಆ ಸುದ್ದಿ ಬೆಳಿಗ್ಗೆ ಪೇಪರಲ್ಲಿ ಓದಿದ್ದೆ. ಅವತ್ತು ನಾನು ಖೀರು ಮಾಡಿದ್ದೆ. ಹಬ್ಬ ಅಲ್ಲ, ಯಾರ ಹುಟ್ಟಿದ ದಿನವೂ ಅಲ್ಲ. ಬಾದಾಮಿ, ಕೇಸರಿ ಎಲ್ಲ ಹಾಕಿ ಮಾಡಿದ್ದೆ. ಯಾಕೆ ಅಂತ ಯಾರೂ ಕೇಳಲಿಲ್ಲ. ನೀವೂ ಎರಡು ಸಲ ಹಾಕಿಸ್ಕೊಂಡ್ರಿ. ಮಾಸ್ಟರ್, ನೀವೂ ಬಂದಿದ್ರಿ ಅವತ್ತು. ತಿಂದ್ರಿ."

ಮಾಸ್ಟರ್ ಎದ್ದು ಕೈ ತೊಳೆಯಲು ಹೋದ. ತಟ್ಟೆಯಲ್ಲಿ ಅರ್ಧ ಮೀನು ಉಳಿದಿತ್ತು.

"ತಾಯಿ-ಮಗಳು ಸೇರ್ಕೊಂಡು ಅವನನ್ನ ಕುಟುಕಬೇಡಿ," ಅನ್ನುವುದಕ್ಕೆಂದು ಫೂಲ್ಮತಿ ಬಾಯಿ ತೆರೆದಳು. ಆದರೆ ಅರ್ಧಕ್ಕೇ ಬಿಟ್ಟು ಮಗನ ಮುಖವನ್ನೇ ನೋಡುತ್ತ ಕೂತಳು. ಅವನು ಅನ್ನ ಕಲಸುತ್ತಲೇ ಇದ್ದ, ತಿನ್ನುತ್ತಿರಲಿಲ್ಲ.

ಚಿತ್ರ ಬಂತು. ಮದುಮಗಳ ಹಾಡು ಬೆಂಕಿಯ ಹಾಗೆ ಹಬ್ಬಿತು. ಪಾನ್ ಅಂಗಡಿಯಲ್ಲಿ ಅದೇ, ಟ್ಯಾಕ್ಸಿಯಲ್ಲಿ ಅದೇ, ಮದುವೆ ಬ್ಯಾಂಡಿನವರ ಬಾಯಲ್ಲೂ ಅದೇ. ಒಂದೇ ತಿಂಗಳಲ್ಲಿ ನಾಲ್ಕು ನಿರ್ಮಾಪಕರು ಮೆಟ್ಟಿಲು ಹತ್ತಿ ಬಂದರು. ಹಾರಗಳು, ಸಿಹಿ ಪೊಟ್ಟಣಗಳು, ದಿನವಿಡೀ ಫೋನು. ಅವಧ್ ಹೊಸ ಜುಬ್ಬಾ ಹೊಲಿಸಿಕೊಂಡ. ಅವನ ಲೆಕ್ಕಾಚಾರ ತಪ್ಪಾಗಿರಲಿಲ್ಲ. ಅದನ್ನು ಮನೆಯಲ್ಲಿ ಯಾರೂ ತಪ್ಪೆನ್ನಲೂ ಇಲ್ಲ.

ಹೊತ್ತಿಗೆ ಸರಿಯಾಗಿ ಅವನ ಊಟ ಬರುತ್ತಿತ್ತು, ಒಬ್ಬನಿಗೆ. ಅವನು ಎದ್ದ ಮೇಲೆ ಅಡುಗೆಮನೆಯಲ್ಲಿ ಮೂರು ತಟ್ಟೆ ಬೀಳುವ ಸದ್ದು. ಮೂರನೆಯದು ತಾಯಿಯದು ಎಂದು ತಿಳಿಯಲು ಅವನಿಗೆ ಒಂದು ವಾರ ಬೇಕಾಯಿತು.

"ಮಾಈ, ನನ್ನ ಜೊತೆ ಕೂತ್ಕೊಳ್ಳಲ್ವಾ?"

"ನಂಗೆ ಆಮೇಲೆ ಹಸಿವಾಗ್ತದೆ," ಎಂದಳು ಮುದುಕಿ.

ಒಂದು ಮಂಗಳವಾರ ಪ್ರಭಾವತಿ ಮಗಳನ್ನು ಕರೆದುಕೊಂಡು ಗಿರ್ಗಾಂವಿಗೆ ಹೊರಟಳು. ಮಾಲಿನಿಬಾಯಿಯ ಅಕ್ಕ ಸುಮನ್‌ತಾಯಿ ಒಂದು ಚಾಳಿನ ಮೂರನೇ ಮಹಡಿಯಲ್ಲಿದ್ದಾಳೆಂದು ವಿಳಾಸ ಕೊಟ್ಟವನು ಸಾಲ್ವದೋರ್ ಮಾಸ್ಟರೇ. ಎಂಬತ್ತರ ಮುದುಕಿ, ಕಣ್ಣಿಗೆ ದಪ್ಪ ಕನ್ನಡಕ. ಕೋಣೆಯಲ್ಲಿ ಒಂದು ಮಂಚ, ಒಂದು ಗಾಜಿನ ಕಪಾಟು, ಅದರ ತುಂಬ ರೆಕಾರ್ಡುಗಳು. ಚಹಾ ಮಾಡಿ, ತಟ್ಟೆಯಲ್ಲಿ ಚಿವಡಾ ಇಟ್ಟು, ಯಾರು ನೀವು ಎಂದು ಕೇಳಿದಳು.

ಪ್ರಭಾವತಿ ಹೆಸರು ಹೇಳಿದಳು. ಕ್ಷಮೆ ಕೇಳಲು ಬಂದಿದ್ದಳು, ಮಾತು ಹೇಗೆ ಶುರುಮಾಡುವುದೆಂದು ತಿಳಿಯದೆ ಕಪಾಟಿನ ರೆಕಾರ್ಡುಗಳನ್ನು ನೋಡಿದಳು.

ಸುಮನ್‌ತಾಯಿ ಕನ್ನಡಕ ಸರಿಪಡಿಸಿಕೊಂಡಳು. "ಪಾಟ್ನಾದ ಹುಡುಗಿ? ಅವಧ್ ಸಹಾಯ್ ಹೆಂಡ್ತಿ? ನೀನೇನಾ ಅದು?"

"ನನ್ನ ಗೊತ್ತಾ ನಿಮಗೆ?"

"ಮಾಲೂ ಎಷ್ಟು ಸಲ ಕೇಳ್ತಿದ್ದಳು, ಆ ಹುಡುಗಿ ಏನಾದಳೋ ಅಂತ. ನೀನು ಯಾಕಮ್ಮ ಬರಲೇ ಇಲ್ಲ? ನಿನಗೆ ಮಗು ಆದಾಗ ಸೀರೆ ಕಳಿಸಿದ್ದಳಲ್ಲ, ಇಳಕಲ್ ಸೀರೆ, ನವಿಲು ಬಣ್ಣ. ನಾನೇ ಅಂಗಡಿಗೆ ಹೋಗಿ ತಂದಿದ್ದು."

ಪ್ರಭಾವತಿ ಚಹಾದ ಬಸಿ ಕೆಳಗಿಟ್ಟಳು. "ಸೀರೆ ಬಂದಿತ್ತು. ನಮ್ಮವರು ತಾವೇ ತಂದದ್ದು ಅಂದಿದ್ರು. ಪಾಟ್ನಾದವಳಿಗೆ ಇಳಕಲ್ ಯಾಕೆ ತಂದ್ರೋ ಅಂತ ನನಗೆ ಆಗಲೇ ಅನ್ನಿಸಿತ್ತು."

"ಅದರ ಮಡಿಕೆಯಲ್ಲಿ ಚೀಟಿ ಇತ್ತಲ್ಲ?"

"ಚೀಟಿ ಇರಲಿಲ್ಲ."

ಮುದುಕಿ ನಿಧಾನವಾಗಿ ಹೇಳಿದಳು, ಹೇಳಿಬಿಡುವುದೇ ಸರಿ ಅನ್ನುವವಳ ಹಾಗೆ. "ನಾನೇ ಬರೆದದ್ದು. ಅವಳ ಹಿಂದಿ ಅಷ್ಟಕ್ಕಷ್ಟೆ. 'ಮಗು ಹಾಲು ಬಿಟ್ಟ ಮೇಲೆ ನನ್ನ ಹತ್ರ ಬಾ. ನಿನ್ನ ಹಾಡು ನಾನು ಹಾಡಬಾರದಿತ್ತು. ಇಬ್ಬರು ಸಂಗೀತ ನಿರ್ದೇಶಕರ ಹತ್ರ ನಿನ್ನ ವಿಷಯ ಮಾತಾಡಿದೀನಿ, ಕಾಯ್ತಾರೆ' ಅಂತ. ವರ್ಷ ಕಾದಳು. ಆಮೇಲೆ ಒಂದು ದಿನ ನಿನ್ನ ಗಂಡನನ್ನೇ ಕೇಳಿದಳಂತೆ. ಅವಳಿಗೆ ಈಗ ಹಾಡಿನಲ್ಲಿ ಮನಸ್ಸಿಲ್ಲ, ಹಾರ್ಮೋನಿಯಂ ಮುಟ್ಟಲ್ಲ, ಮಗುವೇ ಸಾಕು ಅಂತಾಳೆ ಅಂದನಂತೆ."

ಮಂಜರಿ ತಾಯಿಯ ಭುಜ ಹಿಡಿದುಕೊಂಡಳು. ಪ್ರಭಾವತಿ ಖೀರಿನ ವಿಷಯವನ್ನೂ ಹೇಳಿದಳು. ಅದನ್ನು ಹೇಳುವುದಕ್ಕೇ ಬಂದದ್ದು. ಸುಮನ್‌ತಾಯಿ ಕೇಳಿಸಿಕೊಂಡು, ಎದ್ದು ಬಂದು ಅವಳ ತಲೆಯ ಮೇಲೆ ಕೈ ಇಟ್ಟಳು. "ಅವಳಿಗೆ ಖೀರು ಅಂದ್ರೆ ಪ್ರಾಣ ಕಣೇ. ಸಕ್ಕರೆ ಕಾಯಿಲೆ, ನಾವು ಕೊಡ್ತಿರಲಿಲ್ಲ."

ಲೋಕಲ್ ಟ್ರೈನಿನ ಹೆಂಗಸರ ಡಬ್ಬಿಯಲ್ಲಿ ಯಾರೋ ಮದುಮಗಳ ಹಾಡನ್ನು ಗುನುಗುತ್ತಿದ್ದರು. ತಾಯಿ ಮಗಳು ಕಿಟಕಿಯಾಚೆ ನೋಡುತ್ತ ಬಂದರು. ದಾದರ್ ದಾಟಿದ ಮೇಲೆ ಮಂಜರಿ ಕೇಳಿದಳು, "ಅಮ್ಮಾ, ಬಾಬೂಜಿ ಹಾಗೆ ಯಾಕೆ ಮಾಡಿದ್ರು? ಹಾಡು ಬದಲಾಯಿಸಿದ್ದು ಸರಿ, ಹೆಸರು ಬೇಕಿತ್ತು. ಚೀಟಿ ಯಾಕೆ ಮುಚ್ಚಿಟ್ರು?"

"ಗೊತ್ತಿಲ್ಲ. ಇಪ್ಪತ್ತೊಂದು ವರ್ಷ ಜೊತೆಗಿದ್ದೀನಿ, ಗೊತ್ತಿಲ್ಲ."

ಮನೆಗೆ ಬಂದಾಗ ಸಂಜೆ ಐದೂವರೆ ದಾಟಿತ್ತು. ಮುಂದಿನ ಕೋಣೆಯಲ್ಲಿ ಅವಧ್ ಹಾರ್ಮೋನಿಯಂ ಮುಂದೆ ಹುಮ್ಮಸ್ಸಿನಲ್ಲಿ ಕೂತಿದ್ದ. ಫೂಲ್ಮತಿ ಬಾಗಿಲ ಬಳಿ ಬೆಳ್ಳುಳ್ಳಿ ಬಿಡಿಸುತ್ತಿದ್ದಳು.

"ಮಂಜರಿ, ಒಳ್ಳೇ ಹೊತ್ತಿಗೆ ಬಂದೆ. ಒಂದು ಹೊಸ ಧಾಟಿ ಬಂದಿದೆ, ಆರು ಗಂಟೆಗೆ ಗಿಡ್ವಾಣಿ ಬರ್ತಾನೆ. ಎರಡು ಸಾಲು ಹಾಡಿ ತೋರಿಸು ಸಾಕು. ಈ ಸಲ ನಿಜವಾಗ್ಲೂ..." ಹೆಂಡತಿಯ ಮುಖ ನೋಡಿ ಮಾತು ತಡೆದ. "ಎಲ್ಲಿಗೆ ಹೋಗಿದ್ರಿ?"

"ಗಿರ್ಗಾಂವಿಗೆ," ಎಂದಳು ಪ್ರಭಾವತಿ. "ಮಾಲಿನಿಬಾಯಿ ಮನೆಗೆ. ಚೀಟಿ ವಿಷಯ ಗೊತ್ತಾಯ್ತು."

ಯಾವ ಚೀಟಿ ಎಂದು ಅವನು ಕೇಳಲಿಲ್ಲ. ಹಾರ್ಮೋನಿಯಂನ ತಿದಿ ತಾನಾಗಿಯೇ ಇಳಿದು, ಒತ್ತಿ ಹಿಡಿದಿದ್ದ ಸ್ವರ ಸಣ್ಣಗಾಗಿ ಸತ್ತಿತು.

"ಏನು ಚೀಟಿ?" ಎಂದು ಕೇಳಿದ್ದು ಫೂಲ್ಮತಿ. ಮಂಜರಿ ಅಜ್ಜಿಯ ಪಕ್ಕ ಕೂತು, ಕಿವಿಯಲ್ಲಿ, ಎಲ್ಲವನ್ನೂ ಹೇಳಿದಳು. ಹೇಳಿ ಮುಗಿಯುವವರೆಗೆ ಉಳಿದಿಬ್ಬರೂ ಇದ್ದಲ್ಲೇ ಇದ್ದರು. ಮುದುಕಿಯ ಕೈ ಬೆಳ್ಳುಳ್ಳಿ ಬಿಡಿಸುವುದನ್ನು ಯಾವಾಗ ನಿಲ್ಲಿಸಿತೋ ಯಾರೂ ನೋಡಲಿಲ್ಲ.

"ನಾಳೆಯಿಂದ ನಾನು ಮಂಜರಿಗೆ ಪಾಠ ಹೇಳ್ತೀನಿ," ಪ್ರಭಾವತಿ ಗಂಡನಿಗೆ ಹೇಳಿದಳು. "ಅವಳ ಶ್ರುತಿಯಲ್ಲಿ. ರೇಡಿಯೋ ಪರೀಕ್ಷೆಗೆ ಇಬ್ಬರೂ ಅರ್ಜಿ ಹಾಕ್ತಿದೀವಿ. ನನ್ನ ದನಿ ಉಳಿದಿದೆಯೋ ಇಲ್ವೋ ನೋಡ್ಬೇಕು. ನಿಮ್ಮ ಹಾಡು ಈ ಮನೇಲಿ ಇನ್ನು ಯಾರೂ ಹಾಡಲ್ಲ."

"ಗಿಡ್ವಾಣಿ ಈಗ ಬರ್ತಾನೆ ಪ್ರಭಾ. ಅವನ ಮುಂದೆ ಯಾರು ಹಾಡಬೇಕು? ನನ್ನ ದನಿ ಹೇಗಿದೆ ಅಂತ ನಿನಗೇ ಗೊತ್ತು." ಅವಳು ಒಳಗೆ ಹೋದಳು. ಅವನು ತಾಯಿಯ ಕಡೆ ತಿರುಗಿದ. "ಮಾಈ, ನೀನಾದ್ರೂ ಹೇಳು ಅವಳಿಗೆ. ಯಾರಿಗೋಸ್ಕರ ಮಾಡಿದ್ದು ನಾನು ಇದನ್ನೆಲ್ಲ?"

ಫೂಲ್ಮತಿ ಮಂಡಿಯ ಮೇಲೆ ಕೈಯೂರಿ ಎದ್ದಳು. ಸೆರಗಿನಿಂದ ಬೆಳ್ಳುಳ್ಳಿ ಸಿಪ್ಪೆ ಕೊಡವಿದಳು. ಮಗನ ಹತ್ತಿರ ಹೋಗಿ, ಚಿಕ್ಕಂದಿನಲ್ಲಿ ಎಬ್ಬಿಸುತ್ತಿದ್ದ ಹಾಗೆ ಅವನ ಭುಜ ತಟ್ಟಿದಳು.

"ಏಳು ಬಬುವಾ. ಈ ಚಾಪೆ ಬೇಕು. ಹೆಂಗಸರು ಕೂತ್ಕೋಬೇಕು."

ಅವಧ್ ತಾಯಿಯ ಮುಖ ನೋಡಿದ. ಅಲ್ಲಿ ಸಿಟ್ಟಿರಲಿಲ್ಲ. ಅವನು ಎದ್ದು ಗೋಡೆಯ ಪಕ್ಕ ನಿಂತ. ಮುದುಕಿ ಹಾರ್ಮೋನಿಯಂ ತಳ್ಳಿ ಚಾಪೆ ಎಳೆದುಕೊಂಡು ಒಳಗೆ ಹೋದಳು. ಕೆಳಗೆ ಗಿಡ್ವಾಣಿಯ ಕಾರು ಬಂದು ನಿಂತು, ಬಾಗಿಲು ಹಾಕಿದ ಸದ್ದಾಯಿತು. ಮೆಟ್ಟಿಲುಗಳ ಮೇಲೆ ಹೆಜ್ಜೆಗಳು ಹತ್ತಿರವಾಗತೊಡಗಿದವು.